1,24,000 ಪ್ರವಾದಿಗಳು: ಕುರ್‌ಆನಿನಲ್ಲಿ ಇಲ್ಲದ ಸಂಖ್ಯೆ

‘ಭೂಮಿಗೆ 1,24,000 ಪ್ರವಾದಿಗಳು ಬಂದಿದ್ದಾರೆಂದು ಕುರ್‌ಆನ್ ಹೇಳುತ್ತದೆ’ ಎಂಬ ಸಂದೇಶವೊಂದು ವಾಟ್ಸ್ಆ್ಯಪ್‌ನಲ್ಲಿ ಹರಿದಾಡುತ್ತಿದೆ. ಸಂಖ್ಯೆ ಹಳೆಯದೇ, ಆದರೆ ಅದರ ಮೂಲ ಕುರ್‌ಆನ್ ಅಲ್ಲ. ಅದು ಪ್ರವಾದಿ ಮುಹಮ್ಮದರ ಸಂಗಾತಿ ಅಬೂ ಝರ್ ಅವರ ಹೆಸರಿನಲ್ಲಿ ಬಂದಿರುವ ಹದೀಸ್‌ನಲ್ಲಿ (ಪ್ರವಾದಿಯವರ ನುಡಿ-ನಡೆಗಳ ವರದಿಯಲ್ಲಿ) ಇದೆ. ಇಮಾಮ್ ಅಹ್ಮದ್ ಅವರ ‘ಮುಸ್ನದ್’ ಎಂಬ ಹದೀಸ್ ಸಂಗ್ರಹದಲ್ಲಿ ದೊರೆಯುವ ಆ ವರದಿಯ ನಿರೂಪಕರ ಸರಪಳಿ (ಅದನ್ನು ಒಬ್ಬರಿಂದೊಬ್ಬರಿಗೆ ತಲುಪಿಸಿದವರ ಸಾಲು) ದುರ್ಬಲವೆಂದು ಹಲವು ಹದೀಸ್ ವಿದ್ವಾಂಸರು ಅಭಿಪ್ರಾಯಪಟ್ಟಿದ್ದಾರೆ.

ಕುರ್‌ಆನಿನಲ್ಲಿ ಹೆಸರಿಸಲಾದ ಪ್ರವಾದಿಗಳು ಸಾಂಪ್ರದಾಯಿಕ ಎಣಿಕೆಯಂತೆ 25 ಮಂದಿ. ಆರನೆಯ ಅಧ್ಯಾಯದ 83ರಿಂದ 86ರವರೆಗಿನ ವಚನಗಳನ್ನು ತೆರೆದು ನೋಡಿದರೆ ಇಬ್ರಾಹೀಮರಿಂದ ಮೊದಲ್ಗೊಂಡು ಲೂತರವರೆಗೆ 18 ಹೆಸರುಗಳು ಒಂದೆಡೆಯೇ ಸಿಗುತ್ತವೆ; ಆದಮ್, ಇದ್ರೀಸ್, ಹೂದ್, ಸಾಲಿಹ್, ಶುಐಬ್, ಝುಲ್‌ಕಿಫ್ಲ್ ಮತ್ತು ಮುಹಮ್ಮದ್ ಎಂಬ ಉಳಿದ ಏಳು ಹೆಸರುಗಳು ಬೇರೆ ಬೇರೆ ಕಡೆ ಬರುತ್ತವೆ. ಝುಲ್‌ಕಿಫ್ಲ್ ಪ್ರವಾದಿಯೇ ಅಥವಾ ಸಜ್ಜನರೊಬ್ಬರೇ ಎಂಬ ಬಗ್ಗೆ ವ್ಯಾಖ್ಯಾನಕಾರರಲ್ಲೇ ಭಿನ್ನಾಭಿಪ್ರಾಯವಿದೆ. ಅತಿ ಹೆಚ್ಚು ಬಾರಿ, ನೂರಕ್ಕೂ ಮಿಕ್ಕಿ, ಬರುವ ಹೆಸರು ಮೂಸಾ ಅವರದು. ‘ಮುಹಮ್ಮದ್’ ಎಂಬ ಹೆಸರು ಬರುವುದು ನಾಲ್ಕೇ ಬಾರಿ ಎಂಬುದು ಅನೇಕರಿಗೆ ಅಚ್ಚರಿ ತಂದೀತು.

ಒಟ್ಟು ಸಂಖ್ಯೆಯ ವಿಷಯದಲ್ಲಿ ಕುರ್‌ಆನ್ ಬೇಕೆಂದೇ ಮೌನವಾಗಿದೆ ಎನ್ನಬೇಕು. 40ನೆಯ ಅಧ್ಯಾಯದ 78ನೆಯ ವಚನವು, ಹಿಂದೆ ಕಳುಹಿಸಲಾದ ದೂತರಲ್ಲಿ ಕೆಲವರ ವೃತ್ತಾಂತವನ್ನು ಮುಹಮ್ಮದರಿಗೆ ತಿಳಿಸಲಾಗಿದೆ, ಕೆಲವರದ್ದನ್ನು ತಿಳಿಸಲಾಗಿಲ್ಲ ಎಂದಷ್ಟೇ ಹೇಳುತ್ತದೆ. ಆದುದರಿಂದ ಸಂಖ್ಯೆಯನ್ನು ಹಂಚಿಕೊಳ್ಳುವವರು ‘ಕುರ್‌ಆನ್ ಹೇಳುತ್ತದೆ’ ಎಂಬುದರ ಬದಲು ‘ಒಂದು ಹದೀಸ್ ವರದಿಯಲ್ಲಿದೆ’ ಎಂದು ತಿದ್ದಿಕೊಳ್ಳುವುದು ಸರಿ.