ನಮ್ಮ ಮದುವೆ ಮಾಡಿಸಿದ 'ಡಿಸಿ' ಮೇಡಂ

ಮೊನ್ನೆ ಪರಿಚಯದ ಹುಡುಗನೊಬ್ಬ ಮೆಸೇಜ್ ಮಾಡಿದ್ದ. "ಅಕ್ಕಾ, ನಿಮ್ಮ ಮದುವೆನ ಫಾರಿನ್ ಫ್ರೆಂಡ್ ಮಾಡಿಸಿದ್ರಂತಲ್ಲ, ನಾವೂ ಹಂಗೇ ಮಾಡ್ಬೇಕು ಅಂತಿದೀವಿ. ಹೆಂಗೆ?" ಅಂತ. ಉತ್ತರ ಬರೆಯೋಕೆ ಕೂತೆ. ಉದ್ದ ಆಗೋಯ್ತು. ಅದಕ್ಕೇ ಇಲ್ಲಿ ಹಾಕುತ್ತಿದ್ದೇನೆ.

ನಾನು ಕ್ಯಾಲಿಫೋರ್ನಿಯಾದಲ್ಲಿ ಕೆಲಸಕ್ಕಿದ್ದ ಮೂರು ವರ್ಷ ಈ ಫಾರಿನ್ ಫ್ರೆಂಡ್ ಜೊತೆ ಒಂದೇ ಮನೆಯಲ್ಲಿದ್ದೆ. ನನಗೆ ಜ್ವರ ಬಂದಾಗ ಡಬ್ಬಿ ಹುಡುಕಿ, ಪುಡಿ ಹಾಕಿ ಸಾರು ಮಾಡಿಕೊಟ್ಟವಳು, ಅದೂ ಹುಣಸೆಹಣ್ಣಿಲ್ಲದೆ. ಕುಡಿದೆ. ಅವಳ ತಮ್ಮನ ಮದುವೆಯನ್ನು ಅವಳೇ ಮಾಡಿಸಿದ್ದಳು. ಅಲ್ಲಿ ಇದು ಮಾಮೂಲಿ. ಕೌಂಟಿ ಕ್ಲರ್ಕ್ ಆಫೀಸಿಗೆ ಹೋಗಿ, ಫೀ ಕಟ್ಟಿ, ಪ್ರಮಾಣ ಮಾಡಿದರೆ ಆ ಒಂದು ಮದುವೆ ಮಾಡಿಸೋಕೆ ಒಂದು ದಿನದ ಅಧಿಕಾರ ಕೊಡುತ್ತಾರೆ. ಯೂನಿವರ್ಸಲ್ ಲೈಫ್ ಚರ್ಚ್ ಅಂತ ಇನ್ನೊಂದಿದೆ. ಅದರಲ್ಲಿ ಆನ್‌ಲೈನ್‌ನಲ್ಲೇ ಹೆಸರು ಕೊಟ್ಟು ದೀಕ್ಷೆ ತಗೋಬಹುದು. ಎಲ್ಲ ಕಡೆ ಅದು ನಡೆಯಲ್ಲ ಬಿಡಿ. ಟೆನೆಸಿ ರಾಜ್ಯದವರು 2019ರಲ್ಲಿ ಆನ್‌ಲೈನ್ ದೀಕ್ಷೆಯವರು ಮದುವೆ ಮಾಡಿಸಬಾರದು ಅಂತ ಕಾನೂನೇ ತಂದರು.

ನನ್ನ ಗೆಳತಿಗೆ ತಮ್ಮನ ಮದುವೆ ದಿನ ಸಿಕ್ಕ ಹುದ್ದೆಯ ಹೆಸರು 'ಡೆಪ್ಯುಟಿ ಕಮಿಷನರ್ ಆಫ್ ಸಿವಿಲ್ ಮ್ಯಾರೇಜಸ್'. ಅಪ್ಪನ ಕಿವಿಗೆ ಬಿದ್ದದ್ದು ಮೊದಲ ಎರಡು ಪದ ಮಾತ್ರ. ದಾವಣಗೆರೆಯಲ್ಲಿ ಡೆಪ್ಯುಟಿ ಕಮಿಷನರ್ ಅಂದರೆ ಯಾರು, ಹೇಳಿ? ಒಂದೇ ವಾರದಲ್ಲಿ ನೆಂಟರಿಗೆಲ್ಲ ಸುದ್ದಿ ಮುಟ್ಟಿತ್ತು: ಮಗಳ ಫ್ರೆಂಡ್ ಅಮೆರಿಕದಲ್ಲಿ ಡಿಸಿ ಆಗಿದ್ದೋರಂತೆ. ನಾನೂ ತಿದ್ದೋಕೆ ಹೋಗಲಿಲ್ಲ. ಅದರಿಂದ ನಮ್ಮ ಕೆಲಸ ಸಲೀಸಾಗುತ್ತಿತ್ತು.

ಅವಳನ್ನು ಯಾಕೆ ಕರೆದೆವು ಅಂದರೆ, ನಮ್ಮದು ಜಾತಿ ಮೀರಿದ ಮದುವೆ. ನಮ್ಮ ಮನೆಯಲ್ಲಿ ಅಯ್ನೋರು, ಅಂದರೆ ಜಂಗಮರು, ಬಂದು ಕಳಸ ಇಡಬೇಕು. ಹಿರಿಯೂರಿನ ಅವರ ಮನೆಯಲ್ಲಿ ಪುರೋಹಿತರೇ ಬೇಕು. ಯಾವ ಕಡೆಯವರು ಮಾಡಿಸಬೇಕು ಅನ್ನೋದರಲ್ಲೇ ಎರಡು ತಿಂಗಳು ಹೋಯಿತು. ಎರಡೂ ಮಾಡೋಣ ಅಂದರೆ ಯಾವುದು ಮೊದಲು ಅಂತ ಇನ್ನೊಂದು ಸುತ್ತು. ಕೊನೆಗೆ ನಮ್ಮವನೇ ಸುಮ್ನೆ ತಮಾಷೆಗೆ ಅಂದ, "ನಿನ್ನ ಡಿಸಿನೇ ಕರೆಸಿಬಿಡು." ಎರಡೂ ಮನೆಯವರು ಒಪ್ಪಿದರು. ಅಷ್ಟು ಬೇಗ ಒಪ್ಪಿದ್ದು ನನಗೆ ಆವತ್ತೇ ವಿಚಿತ್ರ ಅನಿಸಬೇಕಿತ್ತು. ಖುಷಿಯಲ್ಲಿ ಅನಿಸಲಿಲ್ಲ.

ತಮ್ಮಾ, ಈಗ ನಿನಗೆ ಬೇಕಾದ ವಿಷಯ. ಅವಳ ಪದವಿ ಇಲ್ಲಿ ನಡೆಯಲ್ಲ. ಕಾನೂನಿನ ಮದುವೆಗೆ ನಾವು 1954ರ ವಿಶೇಷ ವಿವಾಹ ಕಾಯ್ದೆ ಹಿಡಿದೆವು. ಇಬ್ಬರಲ್ಲಿ ಒಬ್ಬರಾದರೂ ನೋಟಿಸ್ ಕೊಡುವ ಜಿಲ್ಲೆಯಲ್ಲಿ 30 ದಿನ ವಾಸ ಇರಬೇಕು. ನಾನು ವರ್ಕ್ ಫ್ರಮ್ ಹೋಮ್ ತಗೊಂಡು ಅಮ್ಮನ ಮನೆಯಲ್ಲಿ ಕೂತೆ. ಆಮೇಲೆ ಮದುವೆ ಆಗ್ತೀವಿ ಅಂತ ವಿವಾಹ ಅಧಿಕಾರಿಗೆ ನೋಟಿಸ್ ಕೊಡಬೇಕು. ಅದನ್ನು ಆಫೀಸಿನ ಬೋರ್ಡಿಗೆ ಹಚ್ಚುತ್ತಾರೆ. ಆಕ್ಷೇಪಣೆಗೆ 30 ದಿನ. ನೋಟಿಸ್ ಕೊಟ್ಟು ಮೂರು ತಿಂಗಳೊಳಗೆ ಮದುವೆ ಆಗದಿದ್ದರೆ ಮತ್ತೆ ಮೊದಲಿಂದ ಶುರು. ಮೂರು ಜನ ಸಾಕ್ಷಿ ಬೇಕು. ಇದರಲ್ಲಿ ನನಗೆ ಇಷ್ಟವಾದ ಒಂದು ಮಾತಿದೆ. ಮದುವೆಯನ್ನು ನಿಮಗೆ ಬೇಕಾದ ಹಾಗೆ ಮಾಡಿಕೊಳ್ಳಿ, ಆದರೆ ಅಧಿಕಾರಿ ಮತ್ತು ಸಾಕ್ಷಿಗಳ ಮುಂದೆ 'ನಿನ್ನನ್ನು ಒಪ್ಪಿದ್ದೇನೆ' ಅಂತ ಒಬ್ಬರಿಗೊಬ್ಬರು ಹೇಳಲೇಬೇಕು, ಅದೂ ಇಬ್ಬರಿಗೂ ಅರ್ಥವಾಗುವ ಭಾಷೆಯಲ್ಲಿ. ನಾವು ಕನ್ನಡದಲ್ಲೇ ಹೇಳಿದೆವು. ಮಂಟಪದ ಮದುವೆಗೆ ನಾಲ್ಕು ದಿನ ಮುಂಚೆ ಇದು ಮುಗಿದಿತ್ತು.

ಹಿಂದೂ ವಿವಾಹ ಕಾಯ್ದೆಯಲ್ಲಿ ರಿಜಿಸ್ಟರ್ ಮಾಡಿಸಿದರೆ ಸಾಕಲ್ವಾ ಅಂತ ನೀನು ಕೇಳಬಹುದು. ಆ ಕಾಯ್ದೆಗೆ ಯಾವುದಾದರೊಂದು ಕಡೆಯ ಪದ್ಧತಿ ಪ್ರಕಾರ ಶಾಸ್ತ್ರ ಆಗಿರಬೇಕು. ಶಾಸ್ತ್ರವೇ ನಡೆಯದೆ ಬರೀ ಸರ್ಟಿಫಿಕೇಟ್ ತೋರಿಸಿದರೆ ಅದು ಮದುವೆಯಲ್ಲ ಅಂತ 2024ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ತಮಿಳುನಾಡಿನಲ್ಲಿ 1967ರಲ್ಲೇ ತಿದ್ದುಪಡಿ ತಂದು, ನೆಂಟರು ಗೆಳೆಯರ ಮುಂದೆ ಹಾರ ಹಾಕಿಕೊಂಡರೂ ಮದುವೆಯೇ ಅಂದರು. ನಮ್ಮಲ್ಲಿ ಆ ತಿದ್ದುಪಡಿ ಇಲ್ಲ. ಹಾಗಾಗಿ ಕಾಗದದ ಕೆಲಸ ಮೊದಲು ಮುಗಿಸು. ಆಮೇಲೆ ಯಾರ ಕೈಯಲ್ಲಿ ಬೇಕಾದರೂ ಮಾಡಿಸು.

ಲಗ್ನಪತ್ರಿಕೆ ಮಾಡಿಸೋಕೆ ಹೋದಾಗ ಪ್ರೆಸ್‌ನವರು ಪೆನ್ನು ಹಿಡಿದು ತುಂಬ ಹೊತ್ತು ಯೋಚನೆ ಮಾಡಿದರು. "ಇವರ ಹೆಸರಿನ ಮುಂದೆ 'ದಿವ್ಯ ಸಾನ್ನಿಧ್ಯ' ಹಾಕ್ಲಾ ಮೇಡಂ?" ನಗು ತಡೆದುಕೊಂಡೆ. ಬೇಡ, 'ಮದುವೆ ನಡೆಸಿಕೊಡುವವರು' ಅಂತ ಹಾಕಿ ಅಂದೆ. ಅಜ್ಜಿ ಮಾತ್ರ ಅವಳಿಗೆ 'ಬಿಳಿ ಅಯ್ನೋರು' ಅಂತಲೇ ಹೆಸರಿಟ್ಟರು.

ಆ ಹೆಣ್ಣುಮಗಳು ಮದುವೆಯನ್ನು ನಮಗಿಂತ ಜಾಸ್ತಿ ಸೀರಿಯಸ್ ಆಗಿ ತಗೊಂಡಳು. ಒಂದೂವರೆ ತಿಂಗಳು ವಿಡಿಯೋ ಕಾಲ್ ಮಾಡಿ ನಮ್ಮಿಬ್ಬರನ್ನೂ ಬೇರೆ ಬೇರೆ ಕೂರಿಸಿ ಕೇಳಿದಳು. ಜಗಳ ಆದ ಮೇಲೆ ಯಾರು ಮೊದಲು ಮಾತಾಡಿಸ್ತೀರಿ? ನಿಮ್ಮಮ್ಮನಿಗೆ ಕಾಯಿಲೆ ಬಿದ್ದರೆ ಯಾರು ಕೆಲಸ ಬಿಡ್ತೀರಿ? ಅವಳ ಬಗ್ಗೆ ನಿನಗೆ ಏನು ಹೆದರಿಕೆ? ಹುಡುಗಿ ನೋಡೋಕೆ ಬಂದ ಯಾರೂ ನನಗೆ ಇಂಥದ್ದು ಕೇಳಿರಲಿಲ್ಲ. ಎಷ್ಟು ಸಂಬಳ, ಅಡುಗೆ ಬರುತ್ತಾ, ಇಷ್ಟೇ.

ಅವಳು ಇಂಗ್ಲಿಷಿನಲ್ಲಿ ಬರೆದದ್ದನ್ನು ಕನ್ನಡಕ್ಕೆ ತಂದವಳು ನನ್ನ ಹಾಸ್ಟೆಲ್ ಗೆಳತಿ. ಜಗಳೂರಿನವಳು, ಹೈಸ್ಕೂಲಿನಲ್ಲಿ ಕನ್ನಡ ಟೀಚರ್. ಆರು ಸಾಲುಗಳನ್ನು ಅವಳೇ ಹೇಳಿಕೊಟ್ಟು ಕನ್ನಡದಲ್ಲೇ ಬಾಯಿಪಾಠ ಮಾಡಿಸಿದಳು. ಅಮೆರಿಕದವಳಿಗೆ 'ಳ' ಬರಲ್ಲ. "ಈಗ ಒಬ್ಬರಿಗೊಬ್ಬರು ಹೇಳಿ" ಅನ್ನುವ ಸಾಲು ಅವಳ ಬಾಯಲ್ಲಿ ಏನಾಗಿ ಬಂತು ಅಂತ ನಾನಿಲ್ಲಿ ಬರೆಯೋದಿಲ್ಲ. ಕನ್ನಡದವರಿಗೆ ಗೊತ್ತಾಗುತ್ತೆ. ಹಿಂದಿನ ದಿನ ರಾತ್ರಿ ಮಂಟಪದ ರೂಮಿನಲ್ಲಿ ನಾವು ನಕ್ಕು ನಕ್ಕು ಮಂಚದಿಂದ ಬಿದ್ದೆವು. ತಕ್ಷಣ ಆ ಸಾಲನ್ನು "ಮಾತು ಕೊಡಿ" ಅಂತ ಬದಲಾಯಿಸಿದಳು ಟೀಚರಮ್ಮ. ಇಲ್ಲದಿದ್ದರೆ ಎಂಟುನೂರು ಜನರ ಮುಂದೆ ನಮ್ಮ ಕಥೆ ಮುಗಿದಿತ್ತು.

ಮದುವೆ ಚೆನ್ನಾಗಿ ಆಯ್ತು. ಊಟಕ್ಕೆ ಗೋಧಿ ಹುಗ್ಗಿ. ಸಂಜೆ ಮಂಡಕ್ಕಿ ಮಿರ್ಚಿ. ಅವಳು ಮಿರ್ಚಿ ತಿಂದು ಅತ್ತಳು, ಮತ್ತೆ ಎರಡು ತಿಂದಳು.

ಸಂಜೆ ನನ್ನ ಚಿಕ್ಕಪ್ಪನ ಮಗ ಮಂಡಕ್ಕಿ ತಟ್ಟೆ ಹಿಡಿದುಕೊಂಡು ಪಕ್ಕ ಬಂದು ಕೂತ. ಅವನದು ಯಾವಾಗಲೂ ಚುಚ್ಚು ಮಾತು. "ಎಲ್ಲ ಸರಿ ಅಕ್ಕಾ. ಆ ಟೀಚರ್ ಕನ್ನಡ ಎಷ್ಟ್ ಚೆನ್ನಾಗೈತೆ. ಮದ್ವೆ ಅವ್ರ ಕೈಲೇ ಮಾಡಿಸ್ಬಹುದಿತ್ತಲ್ಲ?"

ನನಗೆ ಬಾಯೇ ಬರಲಿಲ್ಲ. ನಿಜ ಹೇಳಬೇಕೆಂದರೆ, ಅದು ನನಗೆ ಹೊಳೆದೇ ಇರಲಿಲ್ಲ. ಹೊಳೆದಿದ್ದರೂ ಮನೆಯಲ್ಲಿ ಬಾಯಿ ಬಿಡೋಕೆ ಆಗುತ್ತಿರಲಿಲ್ಲ. ಯಾಕೆ ಅಂತ ನಮ್ಮ ಕಡೆಯವರಿಗೆ ಬಿಡಿಸಿ ಹೇಳಬೇಕಿಲ್ಲ. ಹಾಸ್ಟೆಲಿನಿಂದ ಅವಳನ್ನು ಮೊದಲ ಸಲ ಮನೆಗೆ ಕರೆದುಕೊಂಡು ಬಂದಾಗ ಅಜ್ಜಿ ಕೇಳಿದ ಮೊದಲ ಪ್ರಶ್ನೆ "ಯಾವ ಪೈಕಿ?" ಅಮೆರಿಕದವಳಿಗೆ ಯಾರೂ ಅದನ್ನು ಕೇಳಲಿಲ್ಲ. ಎರಡೂ ಮನೆಯವರು ಒಂದೇ ಮಾತಿಗೆ ಒಪ್ಪಿದ್ದು ಅದಕ್ಕೇ. ಅವರ ಲೆಕ್ಕದಲ್ಲಿ ಅವಳಿಗೆ ಜಾತಿಯೇ ಇರಲಿಲ್ಲ. ಇದ್ದದ್ದು ಬಿಳಿ ಬಣ್ಣ ಮತ್ತು ಡಿಸಿ ಪದವಿ.

ಇದನ್ನು ಫಾರಿನ್ ಶೋಕಿ ಅಂದವರೂ ಇದ್ದರು. ಅವರ ಮಾತನ್ನು ನಾನು ಒಪ್ಪಲ್ಲ. ಪುರೋಹಿತರಿಲ್ಲದೆ, ಮುಹೂರ್ತ ನೋಡದೆ, ಬಂದವರಲ್ಲೊಬ್ಬರು ಓದಿ ವಧೂವರರು ಮಾತು ಕೊಡುವ ಮಂತ್ರ ಮಾಂಗಲ್ಯವನ್ನು ಕುವೆಂಪು ಕೊಟ್ಟಿದ್ದಾರೆ. 1966ರಲ್ಲಿ ತೇಜಸ್ವಿ ಹಾಗೇ ಮದುವೆಯಾದರು. ಇನ್ನೂ ಹಿಂದೆ ಹೋದರೆ, ಹರಳಯ್ಯನ ಮಗನಿಗೂ ಮಧುವರಸನ ಮಗಳಿಗೂ ಆದ ಮದುವೆಯ ಕಥೆ ಕೇಳದೆ ನಾವ್ಯಾರೂ ಇಲ್ಲಿ ದೊಡ್ಡವರಾಗಿಲ್ಲ. ಪ್ರತಿ ಬಸವ ಜಯಂತಿ ಭಾಷಣಕ್ಕೂ ಅದು ಇದ್ದೇ ಇರುತ್ತೆ. ಭಾಷಣ ಮುಗಿಸಿ ಬಂದು ಲಗ್ನಪತ್ರಿಕೆಯಲ್ಲಿ ಯಾರ ಹೆಸರು ಎಲ್ಲಿರಬೇಕು ಅಂತ ಕಿತ್ತಾಡುತ್ತೇವೆ. ನಾನೂ ಅವರಲ್ಲೊಬ್ಬಳು. ಪತ್ರಿಕೆಯಲ್ಲಿ ಜಗಳೂರಿನವಳ ಹೆಸರು ಎಲ್ಲೂ ಇರಲಿಲ್ಲ.

ಹಾಗಂತ ವಿದೇಶದ ಗೆಳತಿಯನ್ನು ಕರೆದದ್ದಕ್ಕೆ ನನಗೆ ಬೇಜಾರಿಲ್ಲ. ಅವಳು ನಮ್ಮನ್ನು ಬಲ್ಲವಳು, ಪ್ರೀತಿಯಿಂದ ಮಾಡಿದಳು. ನಿನ್ನ ಫ್ರೆಂಡೂ ಹಾಗಿದ್ದರೆ ಧಾರಾಳವಾಗಿ ಕರೆಸು. ಫೋಟೋ ಚೆನ್ನಾಗಿ ಬರುತ್ತೆ ಅಂತ ಕರೆಸಬೇಡ. ಮತ್ತೆ ಟಿಕೆಟ್ ಬುಕ್ ಮಾಡುವ ಮೊದಲು ನಿನ್ನ ಕ್ಲಾಸ್‌ಮೇಟುಗಳ ಮುಖ ಒಂದು ಸಲ ನೆನಪಿಸಿಕೋ.

ಮಾರನೇ ದಿನ ಅವಳು ಹೊರಡುವಾಗ ಅಜ್ಜಿ ಕರೆದು, ಅಯ್ನೋರಿಗೆ ಕೊಡುವ ಹಾಗೇ, ಎಲೆ ಅಡಿಕೆ, ಕೊಬ್ಬರಿ ಬಟ್ಟಲು, ಮೇಲೆ 101 ರೂಪಾಯಿ ಇಟ್ಟು ಕೈಗೆ ಕೊಟ್ಟರು. ಕಾಲಿಗೂ ಬೀಳೋಕೆ ಹೋದರು, ಅವಳು ಗಾಬರಿಯಾಗಿ ಹಿಂದೆ ಸರಿದಳು. ಪಕ್ಕದಲ್ಲಿ ನಿಂತಿದ್ದ ಟೀಚರಿಗೆ ಎಲ್ಲರಿಗೂ ಕೊಡುವ ಹಾಗೆ ಒಂದು ಬ್ಲೌಸ್ ಪೀಸ್. ಕಾರಿನಲ್ಲಿ ಸ್ಟೇಷನ್ನಿಗೆ ಹೋಗುವಾಗ ಅಮೆರಿಕದವಳು ಆ ನೋಟುಗಳನ್ನು ತಿರುಗಿಸಿ ನೋಡುತ್ತಾ ಕೇಳಿದಳು, "ಕೆಲಸ ನಾವಿಬ್ಬರೂ ಸೇರಿ ಮಾಡಿದ್ದು. ನನಗೆ ದುಡ್ಡು, ಅವಳಿಗೆ ಬಟ್ಟೆ ಯಾಕೆ?"

ಆಮೇಲೆ ಹೇಳ್ತೀನಿ ಅಂದೆ. ಎರಡು ವರ್ಷ ಆಯ್ತು. ಇನ್ನೂ ಹೇಳಿಲ್ಲ.