ಪಾಪ, ಟೀಚರಾಗಿದ್ದರಂತೆ

ನಿನ್ನೆ ಭಾನುವಾರ ಇಲ್ಲೇ ಮ್ಯಾಡ್ರಿಡ್‌ನ ಸ್ನೇಹಿತರ ಮನೆಗೆ ಊಟಕ್ಕೆ ಹೋಗಿದ್ದೆವು. ಹತ್ತು ಜನ ಕನ್ನಡದವರು ಒಂದೆಡೆ ಸೇರಿದರೆ ನಮಗೆ ಅದೇ ಹಬ್ಬ. ಪುಳಿಯೋಗರೆ, ಕೋಸಂಬರಿ, ಒಬ್ಬರು ಧೈರ್ಯ ಮಾಡಿ ತಂದ ಹೋಳಿಗೆ. ಎಲ್ಲ ಚೆನ್ನಾಗಿತ್ತು. ಕಾಫಿ ಹೊತ್ತಿಗೆ ನನ್ನ ತಲೆ ಕೆಟ್ಟಿತು.

ಸ್ಪ್ಯಾನಿಷ್ ಹೇಗೆ ಕಲಿತಿರಿ ಅಂತ ಯಾರೋ ಕೇಳಿದರು. ನಾನು ಶಿವಮೊಗ್ಗದಲ್ಲಿ ಇತಿಹಾಸದ ಟೀಚರಾಗಿದ್ದು ಆಮೇಲೆ ಇಲ್ಲಿಗೆ ಬಂದವಳು. ಕ್ಲಾಸಿಗೆ ಸೇರಿ ಎರಡು ತಿಂಗಳಿಗೆ ಬಿಟ್ಟವಳು. ಭಾಷೆ ಕಲಿಸಿದ್ದು ಟಿವಿ. 'ಕುಯೆಂತಮೆ ಕೋಮೋ ಪಾಸೋ' ಅಂತ ಒಂದು ಧಾರಾವಾಹಿ, 'ಹೇಗಾಯ್ತು ಹೇಳು' ಅಂತ ಅರ್ಥ. ಅದರಲ್ಲಿ ಎರ್ಮಿನಿಯಾ ಅಂತ ಒಬ್ಬಳು ಅಜ್ಜಿ. ಆ ಅಜ್ಜಿ ಮಾತಾಡಿದ್ದು ನನಗೆ ಎಲ್ಲರಿಗಿಂತ ಮೊದಲು ಅರ್ಥವಾಗಲು ಶುರುವಾಯಿತು. ಆ ಪಾತ್ರ ಮಾಡಿದ ಮರಿಯಾ ಗಲಿಯಾನಾ ನಿಜ ಜೀವನದಲ್ಲಿ ಸೆವಿಯಾ ಊರಿನ ಹೈಸ್ಕೂಲ್ ಮಕ್ಕಳಿಗೆ ಕಲೆಯ ಇತಿಹಾಸ ಕಲಿಸುತ್ತಿದ್ದವರು, 2000ದಲ್ಲಿ ರಿಟೈರ್ ಆಗುವವರೆಗೂ ಕಲಿಸಿದರು ಅಂತ ನಾನು ಖುಷಿಯಿಂದ ಹೇಳಿದೆ.

ಎದುರಿಗೆ ಕೂತಿದ್ದ ಒಬ್ಬರು, ಒಳ್ಳೆಯವರೇ, ಕಪ್ ಕೆಳಗಿಟ್ಟು ಅಂದರು: "ಅಯ್ಯೋ ಪಾಪ. ಅರವತ್ತೈದು ವರ್ಷದವರೆಗೂ ಲೈಫ್ ವೇಸ್ಟ್ ಮಾಡ್ಕೊಂಡ್ರಲ್ಲ ಮೇಡಂ."

ವೇಸ್ಟ್. ಮೂವತ್ತು ನಲವತ್ತು ಬ್ಯಾಚ್ ಮಕ್ಕಳು ವೇಸ್ಟ್.

ನಾನು ಅಲ್ಲಿ ಸುಮ್ನೆ ನಕ್ಕೆ. ಬೇರೆಯವರ ಮನೆ, ಕೈಯಲ್ಲಿ ಅವರದೇ ಕಾಫಿ. ಮನೆಗೆ ಬಂದ ಮೇಲೆ ನಮ್ಮ ಯಜಮಾನರ ಮೇಲೆ ಕೂಗಾಡಿದೆ. ಅವರು "ನಾನೇನು ಮಾಡಿದೆ?" ಅಂದರು. ಏನೂ ಮಾಡಿರಲಿಲ್ಲ. ಅದಕ್ಕೇ ಈಗ ನಿಮ್ಮ ಮೇಲೆ.

ಮೊದಲು ಆಕೆ ಯಾರು ಅಂತ ಹೇಳಿಬಿಡುತ್ತೇನೆ. ಹುಟ್ಟಿದ್ದು 1935ರ ಮೇ ತಿಂಗಳಲ್ಲಿ, ಸೆವಿಯಾದಲ್ಲಿ. ಮರುವರ್ಷ ಜುಲೈನಲ್ಲಿ ಅಂತರ್ಯುದ್ಧ ಶುರು. ಬಾಲ್ಯ, ಕಾಲೇಜು, ಮೊದಲ ಕೆಲಸ, ಎಲ್ಲ ಫ್ರಾಂಕೋ ಸರ್ವಾಧಿಕಾರದಲ್ಲೇ. ಆಗ ಇಲ್ಲಿ ಮದುವೆಯಾದ ಹೆಂಗಸು ಕೆಲಸಕ್ಕೆ ಸೇರಬೇಕಾದರೆ ಗಂಡನ ಒಪ್ಪಿಗೆ ಬೇಕಿತ್ತು. ಬ್ಯಾಂಕಿನಲ್ಲಿ ಖಾತೆ ತೆರೆಯಲೂ ಅಷ್ಟೆ. ಆ ಕಾನೂನು ಹೋಗಿದ್ದು 1975ರಲ್ಲಿ. ಅಂಥ ಕಾಲದಲ್ಲಿ ಒಬ್ಬ ಹೆಂಗಸು ಓದಿ, ಕೆಲಸ ಹಿಡಿದು, ಹುಡುಗರ ಮುಂದೆ ನಿಂತು ವೆಲಾಸ್ಕೆಸ್, ಮುರಿಯೋ ಅನ್ನುವ ದೊಡ್ಡ ಚಿತ್ರಕಾರರ ಬಗ್ಗೆ ಪಾಠ ಮಾಡುತ್ತಾಳೆ. ಅವರಿಬ್ಬರೂ ಹುಟ್ಟಿದ್ದು ಅದೇ ಊರಲ್ಲಿ, ನೆನಪಿರಲಿ. ಪುಸ್ತಕದಲ್ಲಿರುವ ಗೋಪುರ ಕಿಟಕಿಯಾಚೆ ಕಾಣುವಂಥ ಊರಲ್ಲಿ ಕಲೆಯ ಇತಿಹಾಸ ಕಲಿಸುವ ಭಾಗ್ಯ! ನಾನು ಹತ್ತು ವರ್ಷ ಹೊಯ್ಸಳರ ಪಾಠ ಮಾಡಿದ್ದೇನೆ. ಮಕ್ಕಳನ್ನು ಬೇಲೂರಿಗೆ ಕರೆದುಕೊಂಡು ಹೋಗಲು ಆಗಿದ್ದು ಎರಡೇ ಸಲ. ಎರಡನೇ ಸಲ ಬಸ್ಸು ಕೆಟ್ಟಿತು.

ಸಿನಿಮಾಗೆ ಆಕೆ ಬಂದಿದ್ದು ಐವತ್ತರ ಆಸುಪಾಸಿನಲ್ಲಿ. ಎಂಬತ್ತರ ದಶಕದ ನಡುವಿನಿಂದ ಸಣ್ಣಪುಟ್ಟ ಪಾತ್ರಗಳು. ಫೆರ್ನಾಂದೋ ತ್ರುಯೆಬಾ ಅವರ 'ಬೆಲ್ ಎಪಾಕ್' ಆಸ್ಕರ್ ಗೆದ್ದ ಚಿತ್ರ, ಅದರಲ್ಲೂ ಇದ್ದಾರೆ. ಇಷ್ಟೂ ಕಾಲ ಸ್ಕೂಲ್ ಬಿಟ್ಟಿಲ್ಲ. ಶೂಟಿಂಗ್ ಮುಗಿಸಿ ಬಂದು ಪೇಪರ್ ತಿದ್ದಿರುತ್ತಾರೆ ಅಂತ ನನ್ನ ಊಹೆ. ಪೇಪರ್ ತಿದ್ದುವುದರಿಂದ ಯಾವ ದೇಶದ ಟೀಚರಿಗೂ ಬಿಡುಗಡೆ ಇಲ್ಲ.

ಆಮೇಲೆ 1999ರಲ್ಲಿ 'ಸೋಲಾಸ್' ಬಂತು. 'ಒಂಟಿ ಹೆಂಗಸರು' ಅಂತ. ಬೆನಿತೋ ಸಾಂಬ್ರಾನೋ ಅವರ ಮೊದಲ ಚಿತ್ರ. ಹಳ್ಳಿಯ ತಾಯಿ, ಗಂಡ ಆಸ್ಪತ್ರೆ ಸೇರಿದ್ದಾನೆ ಅಂತ ಪಟ್ಟಣಕ್ಕೆ ಬಂದು, ಕುಡಿಯುವ, ಸಿಡುಕುವ ಮಗಳ ಹಳೇ ಮನೆಯಲ್ಲಿ ಕೆಲವು ದಿನ ಇರುತ್ತಾಳೆ. ಅಷ್ಟೇ ಕಥೆ. ಅದೇ ಕಟ್ಟಡದಲ್ಲಿ ನಾಯಿಯ ಜೊತೆ ಒಬ್ಬನೇ ಇರುವ ಮುದುಕನೊಬ್ಬನಿಗೆ ಹೊಟ್ಟೆ ಕೆಟ್ಟು ಬಟ್ಟೆಯಲ್ಲೇ ಆಗಿಬಿಡುತ್ತದೆ. ಅವನು ನಾಚಿಕೆಯಿಂದ ಸಾಯುವಂತಾಗಿದ್ದಾನೆ. ಈಕೆ ಅವನನ್ನು ತೊಳೆಯುತ್ತಾಳೆ. ದೊಡ್ಡ ಮಾತಿಲ್ಲ, ಕಣ್ಣೀರಿಲ್ಲ. ಒಂದನೇ ಕ್ಲಾಸಿನ ಮಗು ಚಡ್ಡಿ ಒದ್ದೆ ಮಾಡಿಕೊಂಡಾಗ ಒಳ್ಳೆಯ ಟೀಚರ್ ಹೇಗೆ ಏನೂ ಆಗೇ ಇಲ್ಲ ಅನ್ನುವ ಹಾಗೆ ಇರುತ್ತಾಳೆ ನೋಡಿ, ಹಾಗೆ. ಆ ದೃಶ್ಯ ನಾನು ಮೂರು ಸಲ ನೋಡಿದ್ದೇನೆ. ಯಾವ ಆಕ್ಟಿಂಗ್ ಸ್ಕೂಲಿನಲ್ಲಿ ಇದನ್ನು ಹೇಳಿಕೊಡುತ್ತಾರೋ ನನಗೆ ಗೊತ್ತಿಲ್ಲ.

ಮಜಾ ಇನ್ನೊಂದಿದೆ. ಆ ಮುದುಕನ ಪಾತ್ರ ಮಾಡಿದ ಕಾರ್ಲೋಸ್ ಆಲ್ವಾರೆಸ್ ನೋವೋವಾ ಅವರೂ ಮೇಷ್ಟ್ರೇ, ಸಾಹಿತ್ಯದ ಮೇಷ್ಟ್ರು! ಚಿತ್ರಕ್ಕೆ ಐದು ಗೋಯಾ ಪ್ರಶಸ್ತಿ ಬಂತು. ಸ್ಪೇನ್‌ನಲ್ಲಿ ಅದೇ ದೊಡ್ಡದು. ಗಲಿಯಾನಾಗೆ ಪೋಷಕ ನಟಿ, 64ನೇ ವಯಸ್ಸಿನಲ್ಲಿ. ನೋವೋವಾಗೆ 'ಹೊಸ ನಟ' ಪ್ರಶಸ್ತಿ, ಅರವತ್ತರ ಅಂಚಿನಲ್ಲಿ. ಒಂದು ಸ್ಟಾಫ್ ರೂಮೇ ಎದ್ದು ವೇದಿಕೆ ಹತ್ತಿದ ಹಾಗೆ. ಇದನ್ನು ನೆನೆಸಿಕೊಂಡರೆ ನನಗೆ ಈಗಲೂ ಜೋರಾಗಿ ಶಿಳ್ಳೆ ಹೊಡೆಯೋಣ ಅನ್ನಿಸುತ್ತದೆ.

ರಿಟೈರ್ ಆದ ಮರುವರ್ಷ ಧಾರಾವಾಹಿ. 2001ರ ಸೆಪ್ಟೆಂಬರ್ 13ರಂದು ಶುರುವಾಯಿತು. ನ್ಯೂಯಾರ್ಕ್ ಗೋಪುರಗಳು ಬಿದ್ದು ಎರಡೇ ದಿನ. ಜಗತ್ತೆಲ್ಲ ಗಾಬರಿಯಲ್ಲಿದ್ದಾಗ ಇಲ್ಲಿ 1968ರ ಒಂದು ಕುಟುಂಬ ತನ್ನ ಮೊದಲ ಟಿವಿ ಸೆಟ್ ಮುಂದೆ ಕೂತಿತು. ಆಲ್ಕಂತರ ಕುಟುಂಬ. ಅಪ್ಪ ಅಂತೋನಿಯೋ ಬೆಳಿಗ್ಗೆ ಸರ್ಕಾರಿ ಕಚೇರಿಯಲ್ಲಿ ಜವಾನ, ಮಧ್ಯಾಹ್ನದ ಮೇಲೆ ಪ್ರಿಂಟಿಂಗ್ ಪ್ರೆಸ್. ಅಮ್ಮ ಮೆರ್ಸೆದೆಸ್ ಮನೆಯಲ್ಲೇ ಪ್ಯಾಂಟು ಹೊಲಿಯುತ್ತಾಳೆ. ಎರಡೆರಡು ಕೆಲಸ ಮಾಡುವುದಕ್ಕೆ ಇವರಲ್ಲಿ 'ಪ್ಲುರಿಎಂಪ್ಲೆಯೋ' ಅಂತ ಪದವೇ ಇದೆ. ಅಜ್ಜಿ ಎರ್ಮಿನಿಯಾ ಹಳ್ಳಿಯಿಂದ ಬಂದ ವಿಧವೆ. 2023ರ ನವೆಂಬರ್‌ನಲ್ಲಿ ಮುಗಿಯುವವರೆಗೆ, 22 ವರ್ಷ, 23 ಸೀಸನ್, ಅದೇ ಅಜ್ಜಿ. 66ರಲ್ಲಿ ಶುರು ಮಾಡಿದ ಕೆಲಸವನ್ನು 88ರಲ್ಲಿ ಮುಗಿಸಿದರು. ನಮ್ಮ ಪೈಕಿ ಎಷ್ಟು ಜನ 35ರಲ್ಲಿ ಶುರು ಮಾಡಿದ್ದನ್ನು 37ರವರೆಗೆ ಮಾಡಿದ್ದೀವಿ? (ನನ್ನ ಯೋಗ ಮ್ಯಾಟ್ ಬಗ್ಗೆ ಕಾಮೆಂಟ್ ಬೇಡ.)

ಈಗ ನನ್ನ ಜಗಳಕ್ಕೆ ಬರುತ್ತೇನೆ. ಈ 22 ವರ್ಷವನ್ನು ಮಾತ್ರ ಲೆಕ್ಕಕ್ಕೆ ತಗೊಂಡು ಅದಕ್ಕೂ ಮೊದಲಿನದನ್ನು ವೆಯ್ಟಿಂಗ್ ರೂಮ್ ಅನ್ನುವ ಹಾಗೆ ಮಾತಾಡುತ್ತಾರಲ್ಲ, ಅದು. ರೈಲು ಬರುವವರೆಗೆ ಬೆಂಚಿನ ಮೇಲೆ ಕೂತಿದ್ದರು, ಪಾಪ. ಕೈಯಲ್ಲಿ ಚಾಕ್‌ಪೀಸ್ ಇತ್ತು ಅಷ್ಟೆ.

ಅದೇ ಧಾರಾವಾಹಿಯಲ್ಲಿ ವಾಲೆಂತೀನಾ ಪಾತ್ರ ಮಾಡಿದ ಅಲಿಸಿಯಾ ಎರ್ಮಿದಾ ಅಂತ ಇನ್ನೊಬ್ಬ ಹಿರಿಯ ನಟಿ ಇದ್ದರು. 2022ರಲ್ಲಿ ತೀರಿಕೊಂಡರು. ಅವರೂ ಕಲಿಸುತ್ತಿದ್ದರು, ಆದರೆ ನಟನೆಯನ್ನು. 'ಲಾ ಬರ್ರಾಕಾ' ಅಂತ ಶಾಲೆ. ಕವಿ ಲೋರ್ಕಾ 1932ರಲ್ಲಿ ಕಟ್ಟಿದ ತಿರುಗಾಟದ ನಾಟಕ ತಂಡಕ್ಕೂ ಅದೇ ಹೆಸರಿತ್ತು. ಅವರ ಬಗ್ಗೆ ಯಾರೂ 'ಪಾಪ' ಅನ್ನುವುದಿಲ್ಲ. ಗುರು ಅನ್ನುತ್ತಾರೆ, ಕೈ ಮುಗಿಯುತ್ತಾರೆ. ಮುಗಿಯಲಿ, ಅರ್ಹರು. ನಟರಾಗುವವರಿಗೆ ಕಲಿಸಿದರೆ ಅದು ಕಲೆ, ಹದಿನಾರು ವರ್ಷದ ತಲೆಹರಟೆಗಳಿಗೆ ಕಲೆಯ ಇತಿಹಾಸ ಕಲಿಸಿದರೆ ಹೊಟ್ಟೆಪಾಡು. ಇದ್ಯಾವ ನ್ಯಾಯ?

ಗಂಡಸರ ವಿಷಯದಲ್ಲಿ ನಾವು ಹೀಗೆ ಮಾತಾಡುವುದಿಲ್ಲ, ಗಮನಿಸಿದ್ದೀರಾ? ನಮ್ಮ ಜಿ.ಕೆ. ಗೋವಿಂದರಾವ್ ಇಂಗ್ಲಿಷ್ ಮೇಷ್ಟ್ರು. ಲೋಹಿತಾಶ್ವ ಇಂಗ್ಲಿಷ್ ಮೇಷ್ಟ್ರು. ಸಿನಿಮಾ, ಧಾರಾವಾಹಿಗಳಲ್ಲಿ ಅವರು ಬಾಯಿ ತೆರೆದರೆ "ನೋಡು, ಪ್ರೊಫೆಸರ್ ಧ್ವನಿ" ಅಂತ ಹೆಮ್ಮೆ ಪಡುತ್ತಿದ್ದೆವು. ಅವರ ಮೇಷ್ಟ್ರುಗಿರಿ ಅವರಿಗೊಂದು ಕಿರೀಟ. ಅದೇ ಹೆಂಗಸಾದರೆ? ಪಾಪ, ಟೀಚರಾಗಿದ್ದರಂತೆ.

ಸರಿ, ಆ ಮಹಾನುಭಾವರ ಪರವಾಗಿ ನಾನೇ ವಾದ ಮಾಡುತ್ತೇನೆ. 25ರಲ್ಲೇ ಮ್ಯಾಡ್ರಿಡ್‌ಗೆ ಬಂದು ನಟಿಯಾಗಿದ್ದರೆ ಇನ್ನೂ ಐವತ್ತು ಚಿತ್ರ ಸಿಗುತ್ತಿತ್ತಲ್ಲ? ನಾಯಕಿ ಆಗುತ್ತಿದ್ದರಲ್ಲ? ಆಗುತ್ತಿದ್ದರೇನೋ. ಅದು 1960ರ ಸ್ಪೇನ್. ಪ್ರತಿ ಸ್ಕ್ರಿಪ್ಟಿನ ಮೇಲೆ ಸೆನ್ಸಾರ್ ಕತ್ತರಿ. ಒಳ್ಳೆಯ ಹುಡುಗಿ, ಕೆಟ್ಟ ಹುಡುಗಿ, ಸನ್ಯಾಸಿನಿ, ಇಷ್ಟರಲ್ಲಿ ಒಂದು ಆರಿಸಿಕೊಂಡು ನಲವತ್ತಕ್ಕೆ ಮನೆಗೆ ಹೋಗಬೇಕಿತ್ತು. ಹಾಗಾಗಿದ್ದರೆ 64ರಲ್ಲಿ ಆ ತಾಯಿಯ ಪಾತ್ರಕ್ಕೆ ಆ ಮುಖ ಎಲ್ಲಿಂದ ಬರುತ್ತಿತ್ತು? ತಿಂಗಳ ಸಂಬಳ ಇದ್ದವರಿಗೆ ಕೆಟ್ಟ ಪಾತ್ರ ಬೇಡ ಅನ್ನುವ ಸ್ವಾತಂತ್ರ್ಯವೂ ಇರುತ್ತದೆ. ಆ ವಾದ ಇಲ್ಲಿಗೆ ಮುಗಿಯಿತು.

ಮತ್ತೆ, ಟೀಚರ್ ನಟಿಯಲ್ಲ ಅಂತ ಯಾರು ಹೇಳಿದ್ದು? ದಿನಕ್ಕೆ ಐದು ಶೋ. ಟಿಕೆಟ್ ತಗೊಳ್ಳದ, ಎದ್ದು ಹೋಗಲೂ ಆಗದ ಪ್ರೇಕ್ಷಕರು. ಊಟದ ನಂತರದ ಪೀರಿಯಡ್‌ನಲ್ಲಿ ಐವತ್ತೆರಡು ಮಕ್ಕಳ ಕಣ್ಣು ತೂಗುವಾಗ ಎರಡನೇ ಪುಲಿಕೇಶಿಯನ್ನು ನರ್ಮದೆಯ ದಡಕ್ಕೆ ಕರೆತರಬೇಕು. ನಾನೇ ಹರ್ಷವರ್ಧನ, ನಾನೇ ಪುಲಿಕೇಶಿ, ನಾನೇ ಆನೆ. ಹಿಂದಿನ ಬೆಂಚಿನಲ್ಲಿ ಇಬ್ಬರು ಚುಕ್ಕಿ ಆಟ ಆಡುತ್ತಿರುತ್ತಾರೆ. ಬೈದರೆ ಪಾತ್ರ ಹೋಗುತ್ತದೆ, ಬೈಯದಿದ್ದರೆ ಕ್ಲಾಸ್ ಹೋಗುತ್ತದೆ. ಆನೆಯಾಗಿಯೇ ನಡೆದು ಹೋಗಿ ಅವರ ಪುಸ್ತಕ ಕಿತ್ತುಕೊಂಡು ಬರಬೇಕು. ಗಲಿಯಾನಾ ಇಂಥ ಎಷ್ಟು ಸಾವಿರ ಶೋ ಕೊಟ್ಟಿರಬಹುದು, ಲೆಕ್ಕ ಹಾಕಿ. ಎರ್ಮಿನಿಯಾ ಅಜ್ಜಿ ಊಟದ ಮೇಜಿನ ಮೂಲೆಯಲ್ಲಿ ಕೂತು ಒಂದು ನೋಟದಲ್ಲಿ ಮೊಮ್ಮಕ್ಕಳ ಬಾಯಿ ಮುಚ್ಚಿಸುತ್ತಾಳಲ್ಲ, ಆ ನೋಟ ನನಗೆ ಚೆನ್ನಾಗಿ ಗೊತ್ತು. ಅದು ಕ್ಲಾಸ್‌ರೂಮಿನದು.

ಇಷ್ಟೆಲ್ಲ ಬೈದ ಮೇಲೆ ಒಂದು ವಿಷಯ ಹೇಳಬೇಕು. ಬರೆಯಲೋ ಬೇಡವೋ ಅಂತ ಅರ್ಧ ಗಂಟೆ ಯೋಚನೆ ಮಾಡಿದೆ.

ಶಿವಮೊಗ್ಗದಲ್ಲಿ ನನ್ನ ಕ್ಲಾಸಿನಲ್ಲಿ ಒಬ್ಬಳು ಹುಡುಗಿ ಇದ್ದಳು. ನಾಟಕ ಅಂದರೆ ಪ್ರಾಣ. ಸ್ಕೂಲ್ ಡೇಗೆ ಒನಕೆ ಓಬವ್ವ ಮಾಡಿದಾಗ ಹೆಡ್ ಮಾಸ್ಟರ್ ಕಣ್ಣೂ ಒದ್ದೆಯಾಗಿತ್ತು. ಪಿಯುಸಿ ಮುಗಿಸಿ ನನ್ನ ಹತ್ತಿರ ಬಂದಳು. "ಮಿಸ್, ನಾಟಕದ ಕಡೆ ಹೋಗಲಾ?" ಅಂತ ಕೇಳಿದಳು. ನಾನು ಏನು ಹೇಳಿದೆ ಗೊತ್ತಾ? "ಮೊದಲು ಬಿ.ಎಡ್ ಮಾಡಿಕೋ. ಕೈಯಲ್ಲೊಂದು ಕೆಲಸ ಇರಲಿ. ನಾಟಕ ಎಲ್ಲಿ ಓಡಿ ಹೋಗುತ್ತೆ?"

ಅಂದರೆ ವೆಯ್ಟಿಂಗ್ ರೂಮ್ ಅಂತ ಹೇಳಿದ್ದು ನಾನೇ. ನನ್ನ ಕೆಲಸವನ್ನೇ, ನನ್ನ ಬಾಯಿಯಿಂದಲೇ. ನಿನ್ನೆ ಆ ಮನುಷ್ಯ ಹೇಳಿದ್ದೂ ಅದನ್ನೇ. ಸಿಟ್ಟು ಅಷ್ಟು ಜೋರಾಗಿ ಬಂದಿದ್ದು ಯಾಕೆ ಅಂತ ರಾತ್ರಿ ಎರಡು ಗಂಟೆಗೆ ಹೊಳೆಯಿತು. ಹನ್ನೊಂದು ವರ್ಷದ ಹಿಂದೆ ಇಲ್ಲಿನ ಅರ್ಜಿಯೊಂದರಲ್ಲಿ 'ಉದ್ಯೋಗ' ಅನ್ನುವ ಕಡೆ ನಾನು ಒಂದು ಗೀಟು ಎಳೆದು ಬಂದಿದ್ದೆ. ಟೀಚರ್ ಅಂತಲೂ ಬರೆಯಲಿಲ್ಲ. ಬಿಟ್ಟು ಬಂದ ಕೆಲಸ, ಯಾಕೆ ಬರೆಯೋದು ಅಂತ.

ಆ ಹುಡುಗಿ ಈಗ ಸಾಗರದ ಹತ್ತಿರ ಒಂದು ಸರ್ಕಾರಿ ಶಾಲೆಯಲ್ಲಿ ಟೀಚರ್. ಒಳ್ಳೆಯ ಟೀಚರ್ ಅಂತ ಎಲ್ಲರೂ ಹೇಳುತ್ತಾರೆ. ಹೋದ ವಾರ ಅವಳ ಮೆಸೇಜ್ ಬಂದಿತ್ತು. ಯಾವುದೋ ಧಾರಾವಾಹಿಗೆ ಬೆಂಗಳೂರಿನಲ್ಲಿ ಆಡಿಷನ್ ಇದೆಯಂತೆ. "ಮಿಸ್, ನನಗೀಗ ಮೂವತ್ತನಾಲ್ಕು. ಹೋಗಲಾ? ಕೆಲಸ ಬಿಡಲ್ಲ. ಎರಡೂ ಮಾಡಬಹುದಾ?"

ಎಂಟು ದಿನವಾಯಿತು, ಉತ್ತರ ಕೊಟ್ಟಿಲ್ಲ. ಏನು ಹೇಳಬೇಕು ಅಂತ ಗೊತ್ತಾಗಿರಲಿಲ್ಲ. ಈ ಪೋಸ್ಟ್ ಹಾಕಿದ ತಕ್ಷಣ ಅವಳಿಗೆ ಫೋನ್ ಮಾಡುತ್ತೇನೆ. ಅಲ್ಲಿ ಈಗ ಸಂಜೆ, ಮನೆಗೆ ಬಂದಿರುತ್ತಾಳೆ. ಇಲಾಖೆ ಅನುಮತಿ ಹೇಗೆ ತಗೊಳ್ಳಬೇಕು ಅಂತ ವಿಚಾರಿಸಿದ್ದಾಳಾ, ಸಿಎಲ್ ಎಷ್ಟು ಉಳಿದಿದೆ, ಮೊದಲು ಅದನ್ನು ಕೇಳಬೇಕು.