ಗಾಯರಾಣ ಒತ್ತುವರಿ: ಹೈಕೋರ್ಟಿಗೆ ಪಿಐಎಲ್ (ಸಾರ್ವಜನಿಕ ಹಿತಾಸಕ್ತಿ ಅರ್ಜಿ) ಹಾಕಬೇಕೇ?

ಪರ: ಇನ್ನೆಲ್ಲಿಗೆ ಹೋಗೋಣ?

ಬೆಳಗಾವಿ ಜಿಲ್ಲೆಯ ನಮ್ಮೂರಲ್ಲಿ ಗಾಯರಾಣ, ಅಂದರೆ ದನ ಮೇಯಿಸುವ ಸರ್ಕಾರಿ ಜಾಗ, ಈಗ ಉತಾರದಲ್ಲಿ (ಪಹಣಿಯಲ್ಲಿ) ಮಾತ್ರ ಉಳಿದಿದೆ. ಸಣ್ಣವಳಿದ್ದಾಗ ನಮ್ಮ ಎರಡು ಎಮ್ಮೆಗಳನ್ನು ನಾನು ಅಲ್ಲಿಗೇ ಹೊಡೆದುಕೊಂಡು ಹೋಗುತ್ತಿದ್ದೆ. ಮೊದಲು ಅಂಚಿನಲ್ಲಿ ನಾಲ್ಕು ಸಾಲು ಜೋಳ ಬಂತು. ಆಮೇಲೆ ಬೋರ್‌ವೆಲ್, ಆಮೇಲೆ ತಂತಿ ಬೇಲಿ, ಈಗ ಕಬ್ಬು. ಅಪ್ಪ ಅರ್ಜಿ ಕೊಟ್ಟರು. ಸರ್ವೆಗೆ ದಿನ ಗೊತ್ತಾಯಿತು, ಅಳೆಯುವವರು ಬರಲಿಲ್ಲ. ಎರಡನೇ ಸಲ ಬಂದರು, ಕಬ್ಬು ಎತ್ತರ ಇದೆ, ಕಟಾವಾದ ಮೇಲೆ ನೋಡೋಣ ಅಂದರು. ಕಟಾವಾಯಿತು, ಕೂಳೆಯೂ ಎದೆಮಟ್ಟ ಬೆಳೆಯಿತು. ಯಾರೂ ಬರಲಿಲ್ಲ. ನಾವು ಎಮ್ಮೆ ಮಾರಿದೆವು. ಮೇವು ಕೊಂಡು ಹಾಕಿ ಹೈನ ಮಾಡುವುದು ನಮ್ಮಂಥವರಿಗೆ ಆಗುವ ಮಾತಲ್ಲ. ಎಮ್ಮೆ ಹೋದ ದಿನ ಅವ್ವ ಊಟ ಮಾಡಲಿಲ್ಲ.

ಕಾನೂನಿಗೇನೂ ಬರ ಇಲ್ಲ. 100 ದನಕ್ಕೆ 12 ಹೆಕ್ಟೇರ್ ಮೇವಿನ ಜಾಗ ಇರಬೇಕು ಅಂತ ಭೂಕಂದಾಯ ನಿಯಮವೇ ಹೇಳುತ್ತದೆ. ಸರ್ಕಾರಿ ಜಾಗ ಒತ್ತುವುದು ಅಪರಾಧ ಅನ್ನುವ ಭೂಕಂದಾಯ ಕಾಯ್ದೆಯ 192-ಎ ಕಲಮೂ ಇದೆ. ಪಂಜಾಬಿನ ಒಂದು ಊರಿನ ಕೆರೆ ಜಾಗದ ಕೇಸಿನಲ್ಲಿ ಸುಪ್ರೀಂ ಕೋರ್ಟ್ 2011ರಲ್ಲಿ ಸ್ಪಷ್ಟ ಹೇಳಿದೆ: ಎಷ್ಟೇ ವರ್ಷ ಕೂತಿರಲಿ, ಎಷ್ಟೇ ದುಡ್ಡು ಸುರಿದಿರಲಿ, ಅದು ಹಕ್ಕಾಗುವುದಿಲ್ಲ. ಒತ್ತುವರಿ ಬಿಡಿಸಲು ಎಲ್ಲ ರಾಜ್ಯಗಳೂ ಯೋಜನೆ ಮಾಡಬೇಕು. ಇಷ್ಟಿದ್ದೂ ಬೇಲಿ ಅಲುಗಲಿಲ್ಲ ಅಂದರೆ ಊರಿನವರು ಕೋರ್ಟಿಗಲ್ಲದೆ ಎಲ್ಲಿಗೆ ಹೋಗಬೇಕು? ಸ್ವಂತ ಜಮೀನು ಕಳೆದುಕೊಳ್ಳದವರೂ ಊರಿನ ಪರವಾಗಿ ಪಿಐಎಲ್ ಹಾಕಬಹುದು. 2008ರಲ್ಲಿ ಧಾರವಾಡಕ್ಕೆ ಹೈಕೋರ್ಟ್ ಪೀಠ ಬಂದ ಮೇಲೆ ಬೆಂಗಳೂರಿನ ತನಕ ಓಡಾಟವೂ ತಪ್ಪಿದೆ.

ಬಡವರ ಗತಿ ಏನು ಅಂತ ಕೇಳುತ್ತಾರೆ. ಬೋರ್ ಕೊರೆಸಿ ಕಬ್ಬು ಹಚ್ಚುವವನು ಯಾವ ಬಡವ? ದನ ಮಾರಿದವರು ಬಡವರಲ್ವಾ?

ವಿರೋಧ: ಏಟು ಬೀಳುವುದು ಸಣ್ಣವರಿಗೆ

ಗಾಯರಾಣ ಉಳಿಯಬೇಕು, ಅದಕ್ಕೆ ನನ್ನದೂ ಒಪ್ಪಿಗೆ. ನನಗೆ ಅಳುಕಿರುವುದು ಪಿಐಎಲ್ ದಾರಿಯ ಬಗ್ಗೆ. ಅರ್ಜಿಯಲ್ಲಿ ಸರ್ವೆ ನಂಬರ್ ಇರುತ್ತದೆ. ಅದರೊಳಗೆ ಯಾರು ಎಷ್ಟು ಗುಂಟೆ ಉಳುತ್ತಿದ್ದಾರೆ ಅನ್ನುವುದು ಎಷ್ಟೋ ಸಲ ಇರುವುದಿಲ್ಲ. ತೆರವಿನ ಆದೇಶ ಬಂದರೆ ಒಂದು ಎಕರೆಯವನೂ ಇಪ್ಪತ್ತು ಎಕರೆಯವನೂ ಒಂದೇ ಸಾಲಿಗೆ ನಿಲ್ಲುತ್ತಾರೆ. ದೊಡ್ಡವನು ವಕೀಲರನ್ನು ಹಿಡಿದು ತಡೆಯಾಜ್ಞೆ ತರುತ್ತಾನೆ. ಸಣ್ಣವನಿಗೆ ಧಾರವಾಡದ ಬಸ್ ಚಾರ್ಜೇ ಭಾರ.

2005ರ ಜನವರಿ 1ಕ್ಕಿಂತ ಮೊದಲಿಂದ ಸರ್ಕಾರಿ ಜಮೀನು ಉಳುತ್ತಿರುವವರಿಂದ ಸರ್ಕಾರವೇ ಸಾಗುವಳಿ ಸಕ್ರಮಕ್ಕೆ ನಮೂನೆ 57ರಲ್ಲಿ ಅರ್ಜಿ ಕರೆದಿತ್ತು. ಆ ಅರ್ಜಿ ಹೌದೋ ಅಲ್ಲವೋ ತೀರ್ಮಾನ ಆಗುವ ಮೊದಲೇ ಜೆಸಿಬಿ ಬಂದರೆ ಹೇಗೆ? 2011ರ ಅದೇ ತೀರ್ಪು, ಸರ್ಕಾರದ ಅಧಿಸೂಚನೆಯಂತೆ ಭೂಮಿ ಗುತ್ತಿಗೆ ಪಡೆದ ಭೂಹೀನ ಕೂಲಿಕಾರರಿಗೆ, ಪರಿಶಿಷ್ಟರಿಗೆ ವಿನಾಯಿತಿ ಕೊಡಬಹುದು ಅಂತಲೂ ಹೇಳಿದೆ. ಆ ಸಾಲನ್ನು ಯಾರೂ ಓದಿ ಹೇಳುವುದಿಲ್ಲ.

ಮೊದಲು ಗ್ರಾಮಸಭೆಯಲ್ಲಿ ಸರ್ವೆ ನಕ್ಷೆ ಹಾಸಲಿ. ತೆರವು ಕಬ್ಬಿನ ಬೇಲಿಯಿಂದಲೇ ಶುರುವಾಗಲಿ. ಅದೂ ಆಗದಿದ್ದರೆ ಕೋರ್ಟಿಗೆ ಹೋಗಲಿ, ಆಗ ನಾನೂ ಬೇಡ ಅನ್ನುವುದಿಲ್ಲ.